ಮಾಯಿಲಪ್ಪನ ಒಪ್ಪಿಗೆ ಪತ್ರ

ತಾಲ್ಲೂಕು ಕಚೇರಿಗೆ ಬರುವ ಮೊದಲು ನಾನು ಹನ್ನೊಂದು ವರ್ಷ ಮುನ್ಸೀಫರ ಕೋರ್ಟಿನಲ್ಲಿ ಗುಮಾಸ್ತನಾಗಿದ್ದೆ. ಅಣ್ಣ ತಮ್ಮಂದಿರು ಬೇಲಿಗಾಗಿ ಬಡಿದಾಡಿ, ಕೊನೆಗೆ ರಾಜಿಯಾಗಿ ಬರೆದುಕೊಡುವ ಕಾಗದಕ್ಕೆ ಅಲ್ಲಿ ರಾಜೀನಾಮೆ ಎನ್ನುತ್ತಿದ್ದೆವು. ಒಪ್ಪಿದರೆ ರಾಜೀನಾಮೆ, ಅಷ್ಟೇ. ನನ್ನ ಕೈಗೆ ಆ ಅರ್ಥವೇ ರೂಢಿಯಾಗಿತ್ತು. ನನ್ನ ಅಕ್ಷರ ಮುತ್ತು ಪೋಣಿಸಿದಂತಿದೆ ಎಂದು ತಾಲ್ಲೂಕಿನ ಮುಖ್ಯಸ್ಥರಾದ ಸುಬೇದಾರರೇ ಹೇಳುತ್ತಿದ್ದರು. ಅದನ್ನು ಕೇಳಿ ಉಬ್ಬಿಹೋಗಿದ್ದ ಮೂರ್ಖ ನಾನು, ಚನ್ನಮಲ್ಲಪ್ಪ.

ಮಾಯಿಲಪ್ಪ ತಿತಿಮತಿಯ ಫಾರೆಸ್ಟ್ ಗಾರ್ಡು. ಇಪ್ಪತ್ತೆರಡು ವರ್ಷ ಸರ್ಕಾರದ ತೇಗದ ಮರ ಕಾದವನು. ಒಂಟಿ ಸಲಗವೊಂದು ಅಟ್ಟಿಸಿಕೊಂಡು ಬಂದಾಗ ಹಳ್ಳಕ್ಕೆ ಬಿದ್ದು ಸೊಂಟ ಮುರಿದುಕೊಂಡ. ಕಾಡು ತಿರುಗಲಾರದ ಗಾರ್ಡಿನಿಂದ ಯಾರಿಗೇನು ಉಪಯೋಗ? ಆದರೆ ಅವನ ರೇಂಜರ್ ಒಳ್ಳೆಯ ಮನುಷ್ಯ. ನಮ್ಮ ಕಚೇರಿಯಲ್ಲಿ ಕಡತ ಕಾಯುವ ಜಾಗವೊಂದು ಖಾಲಿಯಿದೆ ಎಂದು ತಿಳಿದು, "ವರ್ಗ ಮಾಡಿಸ್ತೇನೆ. ವರ್ಗವಾದ್ರೆ ಹಳೇ ಸರ್ವಿಸ್ ಪೂರಾ ಸೇರ್ತದೆ, ಪಿಂಚಣಿ ಎಲ್ಲೂ ಹೋಗೋದಿಲ್ಲ. ಒಪ್ಪಿಗೆ ಅಂತ ಒಂದು ಕಾಗದ ಬರೆಸಿ ಮಡಿಕೇರಿಗೆ ಕಳಿಸು" ಎಂದರಂತೆ.

ಅವನು ನನ್ನ ಮೇಜಿನ ಮುಂದೆ ಬಂದು ನಿಂತ.

"ನಂಗೆ ಹೆಸರು ಗೀಚೋಕೆ ಮಾತ್ರ ಬರೋದು, ಗುಮಾಸ್ತರೆ. ನೀವೇ ಬರ್ದು ಕೊಡಿ."

ನಾನು ಠೀವಿಯಿಂದ ಬರೆದೆ: 'ರೆವಿನ್ಯೂ ಇಲಾಖೆಗೆ ಹೋಗುವ ಬಗ್ಗೆ ಸ್ವಇಚ್ಛೆಯಿಂದ ರಾಜೀನಾಮೆ ಕೊಟ್ಟಿರುತ್ತೇನೆ.' ಅವನು ಹಲ್ಲು ಕಚ್ಚಿ ರುಜು ಹಾಕಿದ. ಮಡಿಕೇರಿಯಲ್ಲಿ ಅದನ್ನು ಇಂಗ್ಲಿಷಿಗೆ ಇಳಿಸಿದವನು, ಈತ ಕೆಲಸ ಬಿಟ್ಟಿದ್ದಾನೆ ಎಂದೇ ಬರೆದ. ಅವನ ತಪ್ಪೇನು? ಕೋರ್ಟಿನ ಹೊರಗೆ ಎಲ್ಲರೂ ಆ ಮಾತನ್ನು ಹಾಗೇ ಓದುವುದು.

ಮಾಯಿಲಪ್ಪ ನಮ್ಮಲ್ಲಿಗೆ ಬಂದು ನಾಲ್ಕು ವರ್ಷ ದುಡಿದ. ಐವತ್ತೈದು ತುಂಬಿ ನಿವೃತ್ತನಾದಾಗ ಹುಕುಂ ಬಂತು. ಅರಣ್ಯದ ನೌಕರಿಯನ್ನು ತಾನಾಗಿ ಬಿಟ್ಟವನು, ಆ ಇಪ್ಪತ್ತೆರಡು ವರ್ಷ ಲೆಕ್ಕಕ್ಕಿಲ್ಲ. ಉಳಿದ ನಾಲ್ಕು ವರ್ಷಕ್ಕೆ ಪಿಂಚಣಿ ಇಲ್ಲ. ಜೊತೆಗೆ ನನ್ನ ಮುತ್ತಿನಂಥ ಅಕ್ಷರದ ಕಾಗದವೂ ಇತ್ತು. ಓದಿದೊಡನೆ ನನಗೆ ಎಲ್ಲ ಹೊಳೆಯಿತು.

ಅದೇ ತಿಂಗಳು ಹೆಡ್ ಗುಮಾಸ್ತನ ಜಾಗಕ್ಕೆ ನನ್ನ ಹೆಸರು ಮೇಲೆ ಹೋಗಿತ್ತು.

"ರಾಜೀನಾಮೆ ಅಂದ್ರೆ ಕೆಲ್ಸ ಬಿಡೋದಾ?" ಎಂದ ಮಾಯಿಲಪ್ಪ. "ನಂಗೆ ಅದು ಗೊತ್ತೇ ಇಲ್ಲೆ. ಆ ಮಾತು ನಾನೇ ಹೇಳಿ ಬರೆಸಿದ್ನಾ ಗುಮಾಸ್ತರೆ?"

ಅವನ ಮುಖದಲ್ಲಿ ಅನುಮಾನದ ಎಳೆಯೂ ಇರಲಿಲ್ಲ. ನಿಜವಾಗಿ ನೆನಪಿಲ್ಲದೆ ಕೇಳುತ್ತಿದ್ದ.

"ಹೌದು. ನೀನು ಹೇಳಿದ್ದನ್ನೇ ಬರೆದೆ" ಎಂದೆ.

ಅರ್ಜಿಯನ್ನೂ ನಾನೇ ಬರೆದೆ. ಓದು ಬಾರದ ತಾನು ಅರ್ಥ ತಿಳಿಯದೆ ಆ ಮಾತು ಹೇಳಿ ಬರೆಸಿದೆನೆಂದೂ ದಯಮಾಡಿ ಮನ್ನಿಸಬೇಕೆಂದೂ ಅವನ ಬಾಯಿಂದ ಬೇಡಿಸಿದೆ. ಮಾಡಿದ್ದುಣ್ಣೋ ಮಹಾರಾಯ ಎನ್ನುತ್ತಾರೆ. ನಾನು ಮಾಡಿದೆ, ಉಣ್ಣಲು ಅವನನ್ನು ಕೂರಿಸಿದೆ.

ಆರು ವಾರಕ್ಕೆ ಜವಾಬು ಬಂತು. ಮಾಯಿಲಪ್ಪ ಹೆಂಡತಿ ಗಂಗಮ್ಮನನ್ನೂ ಕರೆದುಕೊಂಡು ಬಂದಿದ್ದ. ಕಾಗದದಲ್ಲಿ ಎರಡೇ ವಾಕ್ಯ. 'ಬರೆದ ಗುಮಾಸ್ತನ ಕೈತಪ್ಪಾಗಿದ್ದಲ್ಲಿ ವರ್ಗವೆಂದು ತಿದ್ದಿ ಹಿಂದಿನ ಸೇವೆಯನ್ನು ಸೇರಿಸಬಹುದಾಗಿತ್ತು. ಅರ್ಜಿದಾರನೇ ಹೇಳಿ ಬರೆಸಿದ್ದಾಗಿ ಒಪ್ಪಿರುವುದರಿಂದ ಅರ್ಜಿ ವಜಾ.'

ನಾನು ಎರಡನೆಯ ವಾಕ್ಯವನ್ನು ಮಾತ್ರ ಓದಿ ಹೇಳಿದೆ.

ಗಂಗಮ್ಮ ಸೆರಗಿನಿಂದ ಮುಖ ಒರೆಸಿಕೊಂಡಳು. "ಕುಟ್ಟದ ಕಾಫಿ ಎಸ್ಟೇಟಲ್ಲಿ ರೈಟರು ಕೂಲಿಯವರ ಲೈನ್ ಮನೆ ಕೊಡ್ತಾರಂತೆ. ನಾ ಹಣ್ಣು ಪಿಕ್ಕಿಂಗಿಗೆ ಹೋಗ್ತೆ" ಎಂದಳು. ಅವಳಿಗೂ ಐವತ್ತರ ಹತ್ತಿರ. ಆಗಲಾದರೂ ನಾನು ಬಾಯಿ ಬಿಡಬಹುದಿತ್ತು. ಕಾಗದ ಇನ್ನೂ ನನ್ನ ಕೈಯಲ್ಲೇ ಇತ್ತು.

ಮಾಯಿಲಪ್ಪ ಮೇಜು ಹಿಡಿದು ಎದ್ದು, ನನಗೆ ಕೈಮುಗಿದ.

"ನನ್ನ ಬಾಯಿತಪ್ಪಿಂದ ನಿಮ್ಗೆ ಎರಡೆರಡು ಸಲ ಬರೆಯೋ ಕಷ್ಟ ಆತ್. ಮನಸ್ಸಲ್ಲಿ ಇಟ್ಕೋಬೇಡಿ."

"ಇರಲಿ ಬಿಡು ಮಾಯಿಲಪ್ಪ" ಎಂದೆ. "ತಪ್ಪು ಯಾರಿಗಾದ್ರೂ ಆಗ್ತದೆ."