ಉಪಚಾರದ ಮಾತು

ನಿಜವಾಗಿಯೂ ಕರೆಯುತ್ತಿದ್ದಾಳೋ, ಇಲ್ಲ ಬರೀ ಉಪಚಾರಕ್ಕೋ? ಯುವ ನಿರ್ದೇಶಕಿ ಗೊಲ್‌ನೂಶಳ ಮುಖದಲ್ಲಿ ಈರಜನಿಗೆ ಅದೊಂದು ತಿಳಿಯಲಿಲ್ಲ. ಇಡೀ ಆಯುಷ್ಯ ಮುಖಗಳಿಗೆ ಬೆಳಕು ಹಿಡಿದವನು ಅವನು. ತೆರೆಯ ಮೇಲೆ ತಾಯಿ ಮಗನ ಪಾತ್ರಗಳು ಒಬ್ಬರನ್ನೊಬ್ಬರು ಮುಟ್ಟಬಾರದೆಂದು ಸೆನ್ಸಾರಿನವರು ತಡೆದಾಗ ಅವರ ನೆರಳುಗಳನ್ನು ಗೋಡೆಯ ಮೇಲೆ ಅಪ್ಪಿಸಿದವನು. ಟೆಹರಾನಿನ ಸಿನಿಮಾದವರೆಲ್ಲ ಅವನನ್ನು ಉಸ್ತಾದ್ ಎನ್ನುತ್ತಿದ್ದರು. ಆದರೆ ಕಣ್ಣಿಗೆ ಪೊರೆ ಬಂದ ಮೇಲೆ ಯಾರೂ ಕೆಲಸಕ್ಕೆ ಕರೆದಿರಲಿಲ್ಲ.

"ಉಸ್ತಾದ್, ನನ್ನ ಸಿನಿಮಾಕ್ಕೆ ಕ್ಯಾಮೆರಾ ನೀವೇ ಹಿಡೀಬೇಕು."

"ಅಯ್ಯೋ, ಈ ಮುದುಕ ಯಾಕಮ್ಮ? ಚುರುಕಾದ ಹುಡುಗರಿದ್ದಾರೆ."

"ಹುಡುಗರ ಮಾತು ಬಿಡಿ. ನೀವು ಬಂದ್ರೆ ನಮ್ಮ ಭಾಗ್ಯ."

"ಈ ಕಣ್ಣು ನಂಬ್ಕೊಂಡು ಯಾರಮ್ಮ ಸಿನಿಮಾ ತೆಗೀತಾರೆ?" ಎಂದು ನಕ್ಕ.

ವಸಂತದಲ್ಲೇ ಪೊರೆ ತೆಗೆಸಿದ್ದ. ಲೋಕವೆಲ್ಲ ತೊಳೆದಿಟ್ಟಂತೆ ಕಾಣುತ್ತಿತ್ತು. ಇನ್ನೊಂದು ಸಲ ಕೇಳಲಿ, ಒಪ್ಪಿಬಿಡುತ್ತೇನೆ ಎಂದುಕೊಂಡ. ಎರಡು ಸಲ ಬೇಡವೆನ್ನುವುದು ಮರ್ಯಾದೆ. ಮೂರನೆಯ ಸಲ ಕೇಳಿದರೆ ಅದು ಮನಸ್ಸಿನ ಕರೆ.

ಗೊಲ್‌ನೂಶ್ ಬಾಯಿ ತೆರೆದಳು. ಅವನ ಕಣ್ಣನ್ನು ನೋಡಿ ತಲೆ ತಗ್ಗಿಸಿದಳು. "ನಿಮಗೆ ತೊಂದರೆ ಕೊಡಲಾರೆ ಉಸ್ತಾದ್. ನಿಮ್ಮ ನೆರಳು ಸದಾ ನಮ್ಮ ಮೇಲಿರಲಿ."

ಅವಳನ್ನು ಕಳಿಸಿ ಬಂದ ಹೆಂಡತಿ ಅಖ್ತರ್ ಸೊಂಟಕ್ಕೆ ಕೈಯಿಟ್ಟು ನಿಂತಳು. "ಬುದ್ಧಿ ಇದೆಯೇನ್ರೀ ನಿಮಗೆ? ಅವಳು ಬರ್ತಾಳೆ ಅಂತ ಬೆಳಿಗ್ಗೆಯಿಂದ ಗಡ್ಡ ಬೋಳಿಸ್ಕೊಂಡು, ಕೋಟು ಹಾಕ್ಕೊಂಡು ಕೂತಿದ್ರಿ!"

"ಮನಸ್ಸಿದ್ರೆ ಮತ್ತೆ ಕೇಳ್ತಿದ್ಲು."

"ಬಾಗಿಲ ಹತ್ರ ಕಣ್ಣಲ್ಲಿ ನೀರು ತುಂಬ್ಕೊಂಡು ಕೇಳಿದ್ಲು, ಉಸ್ತಾದರ ಕಣ್ಣು ಇನ್ನೂ ವಾಸಿಯಾಗಿಲ್ವಾ ಅಂತ. ಆಗಿದೆ ಕಣಮ್ಮ ಅಂದೆ. ಅದನ್ನೂ ಉಪಚಾರ ಅಂದ್ಕೊಂಡ್ಲು. ಫೋನ್ ಮಾಡಿ ಈಗ."

"ನಾನೇ ಕೇಳ್ಕೊಂಡು ಹೋಗ್ಲಾ?"

ಅಖ್ತರ್ ಫೋನನ್ನು ತಂದು ಅವನ ತೊಡೆಯ ಮೇಲಿಟ್ಟಳು. ಚಹಾ ಆರಿತು. ಫೋನು ಹಾಗೆಯೇ ಇತ್ತು.

ಶರತ್ಕಾಲದಲ್ಲಿ ಕಾಶಾನ್ ಪಟ್ಟಣದ ಹತ್ತಿರ ಚಿತ್ರೀಕರಣ ನಡೆಯಿತು. ಕಾರು ಕಳಿಸಿ ಅವನನ್ನು ಅತಿಥಿಯಾಗಿ ಕರೆಸಿಕೊಂಡರು. ಮಣ್ಣಿನ ಮನೆಯ ಅಂಗಳದಲ್ಲಿ, ಮಾನಿಟರಿನ ಪಕ್ಕದಲ್ಲೇ ಕುರ್ಚಿ ಹಾಕಿದರು. ಸಂಜೆ ತಾನೇ ತಾನಾಗಿ ಆ ಅಂಗಳಕ್ಕೆ ಇಳಿಯುತ್ತಿತ್ತು. ಯುವ ಕ್ಯಾಮೆರಾಮನ್ ದೊಡ್ಡ ದೀಪ ಹಚ್ಚಿ ಆ ಸಂಜೆಯ ಬೆಳಕನ್ನು ಕೊಂದ. ಈರಜನ ಬೆರಳುಗಳು ಕುರ್ಚಿಯ ಅಂಚನ್ನು ಹಿಡಿದವು.

"ಹೇಗಿದೆ ಉಸ್ತಾದ್?" ಗೊಲ್‌ನೂಶ್ ಬಗ್ಗಿ ಕೇಳಿದಳು.

"ಚೆನ್ನಾಗಿದೆ. ಇಷ್ಟು ಕೆಲಸ ಮಾಡಿದ ನಿಮ್ಮ ಕೈ ನೋಯದಿರಲಿ."

"ನಿಜ ಹೇಳಿ, ನನ್ನಾಣೆ."

"ನಿಜವಾಗ್ಲೂ, ಮಗಳೇ."

ಅವಳು ಸಮಾಧಾನದಿಂದ ದೀಪದ ಕಡೆ ನಡೆದಳು. ತನ್ನ ಕಣ್ಣು ಸರಿಯಾಗಿದೆಯೆಂದೂ, ಈ ಸಿನಿಮಾಕ್ಕೆ ತಾನೇ ಕ್ಯಾಮೆರಾ ಹಿಡಿಯಬೇಕೆಂದಿದ್ದೆನೆಂದೂ ಈರಜ್ ಅವಳಿಗೆ ಎಂದೂ ಹೇಳಲಿಲ್ಲ.