ಜೇಬು ಹೊಲಿದ ಕೋಟು

ರಾಜೇಶ್ವರದ ಬಕ್ಕಪ್ಪನ ಖಾಕಿ ಕೋಟಿಗೆ ನಾಲ್ಕು ಜೇಬುಗಳಿದ್ದವು. ನಾಲ್ಕರ ಬಾಯನ್ನೂ ಅವನು ಕಪ್ಪು ದಾರದಿಂದ ಹೊಲಿದುಬಿಟ್ಟಿದ್ದ. ಚಷ್ಮಾ, ಎಲೆ ಅಡಿಕೆಯ ಚಂಚಿ, ಸಾಣೆ ಹಿಡಿದ ಚಾಕು ಎಲ್ಲವೂ ಸೈಕಲ್ಲಿನ ಹ್ಯಾಂಡಲ್ಲಿಗೆ ಕಟ್ಟಿದ ಬಟ್ಟೆಚೀಲದಲ್ಲಿರುತ್ತಿದ್ದವು. ಬಸವಕಲ್ಯಾಣದ ಬಸ್‌ಸ್ಟ್ಯಾಂಡಿನೆದುರು ಲಿಂಬೆಹಣ್ಣು ಮಾರುವ ಅನ್ವರಿ ಅವನನ್ನು ಕಂಡಾಗಲೆಲ್ಲ ಕೆಣಕುವಳು: “ಕಾಕಾ, ಜೇಬಿನ್ಯಾಗ ನಿಜಾಮನ ಖಜಾನಾ ಇಟ್ಟೀರೇನ್ರಿ? ಬಾಯಿ ಹೊಲದು ತಿರಗಾಡಾಕತ್ತೀರಿ.”

“ಖಜಾನಾ ಇದ್ದಿದ್ರ ಬಿಚ್ಚತಿದ್ದೆ ಬೇಟಿ,” ಎನ್ನುತ್ತಿದ್ದ ಅವನು, ನಗದೆ. ಆಮೇಲೆ ಅವಳ ಬುಟ್ಟಿಯಿಂದ ಒಂದು ಹಣ್ಣನ್ನೆತ್ತಿ, ಸಿಪ್ಪೆಯ ಮೇಲೆ ಏನೋ ಬರೆದಿದೆಯೆಂಬಂತೆ ತಿರುಗಿಸಿ ತಿರುಗಿಸಿ ನೋಡಿ, ಕೆಳಗಿಟ್ಟು, ಸೀಸೆಯ ನೀರಿನಲ್ಲಿ ಕೈ ತೊಳೆದುಕೊಳ್ಳುತ್ತಿದ್ದ.

ಕಲ್ಯಾಣ, ಹುಮನಾಬಾದ ಎರಡೂ ತಾಲ್ಲೂಕಿನ ಮೋಸಂಬಿ ಲಿಂಬೆಯ ತೋಟಗಳಿಗೆ ಅವನೇ ವೈದ್ಯ. ವೈದ್ಯನ ಗತ್ತು ಮಾತ್ರ ಅವನಲ್ಲಿ ಎಳ್ಳಷ್ಟೂ ಇರಲಿಲ್ಲ. ಬೇಲಿಯ ಹೊರಗೇ ಕೋಟು ಕಳಚಿ ಗೂಟಕ್ಕೆ ನೇತುಹಾಕಿ, ಚಪ್ಪಲಿ ಬಿಟ್ಟು, ಬಕೆಟ್ಟಿನ ನೀರಿನಲ್ಲಿ ಮೈಲುತುತ್ತದ ನೀಲಿ ಪುಡಿ ಕದಡಿ ಎರಡೂ ಪಾದಗಳನ್ನು ಅದ್ದಿಕೊಂಡು, ಚಾಕುವನ್ನು ಉರಿಯುವ ಹತ್ತಿಗೆ ಹಿಡಿದು, ಎಲೆಗಳ ಮೇಲಿನ ಮಂಜು ಆರುವವರೆಗೆ ಹೊರಗೇ ಕುಕ್ಕರುಗಾಲಲ್ಲಿ ಕಾಯುತ್ತಿದ್ದ. ವರ್ಷಾನುವರ್ಷ ಹೀಗೆ ಅದ್ದಿ ಅದ್ದಿ ಅವನ ಹಿಮ್ಮಡಿಗಳು ನೀಲಿಗಟ್ಟಿದ್ದವು. ಒಳಗೆ ಬಂದ ಮೇಲೂ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡು, ಒಂದು ಎಲೆಯೂ ಮೈಗೆ ಸೋಕದಂತೆ, ಕೊಕ್ಕರೆಯ ಹಾಗೆ ಕಾಲೆತ್ತಿ ಇಡುತ್ತ ನಡೆಯುವನು. ಗಾಬರಿಯಾದ ತೋಟದವರಿಗೆ ಅವನು ಹೇಳುವ ಮಾತು ಒಂದೇ: “ಅಂಜಬ್ಯಾಡ್ರಿ. ಅಂಜೂದು ನನ್ನ ಕೆಲಸ.”

ಕಾಂಡದಿಂದ ಅಂಟು ಸೋರುತ್ತಿದ್ದರೆ ಕೊಳೆತ ತೊಗಟೆಯನ್ನು ಹಸಿರು ಕಾಣುವವರೆಗೆ ಹೆರೆದು, ಮೈಲುತುತ್ತ ಸುಣ್ಣಗಳ ಮುಲಾಮು ಬಳಿಯುವನು. ಬಳಿಯುವ ಮುಂಚೆ ಕುಡಗೋಲಿನ ತುದಿ ಅದರಲ್ಲಿ ಅದ್ದಿ ನೋಡುವನು. ಕಬ್ಬಿಣದ ಮೇಲೆ ತಾಮ್ರದ ಕೆಂಪು ಮೂಡಿದರೆ ಮೈಲುತುತ್ತ ಹೆಚ್ಚಾಯಿತೆಂದು ಇನ್ನಷ್ಟು ಸುಣ್ಣ. “ಬುಡಕ್ಕ ನೀರು ನಿಂದ್ರಸಬ್ಯಾಡ್ರಿ. ಗಿಡ ಕೊರಳಿಲೆ ಕುಡಿಯೂದಿಲ್ಲ, ದೂರಿನ ಬೇರಿಲೆ ಕುಡೀತದ.” ಅಂಟು ಸೋರುವ ರೋಗದ ಬಗ್ಗೆ ಇಷ್ಟೆಲ್ಲ ಮಾತಾಡುವವನು, ಒದ್ದೆಯಲ್ಲಿ ಎಲೆಯಿಂದ ಎಲೆಗೆ ಹರಡುವ ಕಜ್ಜಿರೋಗದ ಹೆಸರನ್ನು ಮಾತ್ರ ನಾಲಿಗೆಗೆ ತರುತ್ತಿರಲಿಲ್ಲ. “ಅದು” ಎನ್ನುತ್ತಿದ್ದ, ಅಷ್ಟೇ. ಆಷಾಢದ ಗಾಳಿಗೆ ತುಂತುರು ಸೇರಿದ ದಿನ ಅವನಿಗೆ ಊಟ ಸೇರುತ್ತಿರಲಿಲ್ಲ.

ಈ ಹೆದರಿಕೆ ಹುಟ್ಟಿದ್ದು ತೊಂಬತ್ಮೂರರ ಮಳೆಗಾಲದಲ್ಲಿ. ಹುಮನಾಬಾದ ಕಡೆಯ ಒಂದು ತೋಟದಲ್ಲಿ ಲಿಂಬೆಯ ಎಲೆಗಳ ಮೇಲೆ ಉಬ್ಬಿದ ಕಂದು ಚುಕ್ಕೆ, ಅದರ ಸುತ್ತ ಹಳದಿ ಬಳೆ ಕಂಡು, ಮಾಣಿಕನಗರದಾಚೆ ಎಂಬತ್ತು ಲಿಂಬೆಗಿಡ ಬೆಳೆಸಿದ್ದ ಗೆಳೆಯ ಮಾಣಿಕಪ್ಪನನ್ನು ಎಚ್ಚರಿಸಬೇಕೆನಿಸಿತು. ಒದ್ದೆ ಟೊಂಗೆಯೊಂದನ್ನು ಮುರಿದು ಕೋಟಿನ ಜೇಬಿಗಿಟ್ಟುಕೊಂಡು ನೇರ ಅಲ್ಲಿಗೇ ಹೋದ. “ಇದರ ಮಾರಿ ನೆಪ್ಪಿಟ್ಟುಕೋ,” ಎಂದು ಗಿಡಗಳ ನಡುವೆ ನಿಂತು ಕೈಗೆ ಕೊಟ್ಟ. ಮಾಣಿಕಪ್ಪ ಎಲೆಯನ್ನು ಬೆರಳಲ್ಲಿ ಉಜ್ಜಿ ನೋಡಿದ. ಜಿನುಗುವ ಮಳೆಯಲ್ಲಿ ಅದೇ ಕೈಯಿಂದ ಪಕ್ಕದ ಗಿಡಗಳ ಚಿಗುರು ಚಿವುಟಿದ. ತಿಂಗಳೊಳಗೆ, ಅವರಿಬ್ಬರೂ ನಿಂತಿದ್ದ ಜಾಗದ ಐದು ಗಿಡಗಳಿಗೆ ಹಳದಿ ಬಳೆ ಮೂಡಿತು. ಮರುವರ್ಷ ಎಂಬತ್ತನ್ನೂ ಕಡಿದು ಸುಟ್ಟರು. ಆ ಬೆಂಕಿಯೆದುರು ನಿಂತು ಚಂಚಿಗಾಗಿ ಜೇಬಿಗೆ ಕೈಹಾಕಿದಾಗ ಬಕ್ಕಪ್ಪನ ಬೆರಳಿಗೆ, ಜೇಬಿನ ಮೂಲೆಯಲ್ಲಿ ಉಳಿದಿದ್ದ ಆ ಟೊಂಗೆಯ ಒಣಗಿದ ಎಲೆಯ ಪುಡಿ ಹತ್ತಿತು. ಮನೆಗೆ ಹೋದವನೇ ಸೂಜಿ ದಾರ ಹುಡುಕಿದ.

ಬಾಯಿಬಿಟ್ಟು ಹೇಳಲು ಮಾತ್ರ ಧೈರ್ಯ ಬರಲಿಲ್ಲ. ಮಾಣಿಕಪ್ಪನೋ, ಕಂಡಕಂಡವರೆದುರು ಗೆಳೆಯನನ್ನೇ ಕೊಂಡಾಡುವನು: “ಬಕ್ಕಪ್ಪ ಟೊಂಗಿ ತಂದು ತೋರಿಸಿ ಹೇಳಿದ್ದ. ನಾನ ಲಕ್ಷ್ಯ ಕೊಡಲಿಲ್ಲ.” ಆ ಹೊಗಳಿಕೆ ಕೇಳಿದಾಗಲೆಲ್ಲ ಬಕ್ಕಪ್ಪ ಕೋಟಿನ ಹೊಲಿಗೆಯನ್ನು ಸವರಿಕೊಳ್ಳುತ್ತಿದ್ದ.

ಎರಡು ಸಾವಿರದ ಎರಡರಲ್ಲಿ ಮಾಣಿಕಪ್ಪ ಮತ್ತೆ ಲಿಂಬೆ ನೆಡಲು ಹೊರಟು ಗೆಳೆಯನಿಗೆ ಹೇಳಿಕಳಿಸಿದ. ಬೆಳಿಗ್ಗೆ ಹನಿ ಬಿದ್ದು ನಿಂತಿತ್ತು. ಬಕ್ಕಪ್ಪ ಕೋಟನ್ನು ಗೂಟಕ್ಕೆ ಹಾಕಿ, ಬಕೆಟ್ಟಿನಲ್ಲಿ ಕಾಲಿಟ್ಟು ನಿಂತಿದ್ದ. ಬೇಲಿಯೊಳಗೆ ನೆಡಲು ತಂದ ಸಸಿಗಳ ಸಾಲು; ಪಕ್ಕದಲ್ಲಿ ಮಾಣಿಕಪ್ಪ, ಅವನ ಹೆಂಡತಿ ದ್ರೌಪತಿ.

“ಟೊಂಗಿ ತಂದಿಯೇನೋ?” ಎಂದ ಮಾಣಿಕಪ್ಪ. “ಈ ಸಲ ಈಕಿಗಿ ತೋರಸು. ಈಕಿ ಕಣ್ಣು ಚೂಪ ಅದಾವ.”

“ತಂದಿಲ್ಲ.”

“ಇರ್ಲಿ ಬಿಡು. ಆಚಿ ಹೊಲದಾಗಿನ ಮುದಿಗಿಡಕ್ಕ ಕಜ್ಜಿ ಹತ್ತದ. ನಾನ ಒಂದು ಮುರಕೊಂಡು ಬರ್ತೀನಿ.” ಹೇಳುತ್ತಲೇ ಬೇಲಿ ದಾಟಿ ಹೊರಟೇಬಿಟ್ಟ.

ಬಕ್ಕಪ್ಪ ಒದ್ದೆಗಾಲಲ್ಲೇ ಹಾರಿ ಅವನ ಅಂಗಿ ಹಿಡಿದ. “ಹೋಗಬ್ಯಾಡ. ಹಿಂದಕ ರೋಗ ತಂದಾವ ನಾನು. ಈ ಕೋಟಿನ ಜೇಬಿನ್ಯಾಗ.”

ದ್ರೌಪತಿ ಗಂಡನ ಮುಖ ನೋಡಿ ಮೆಲ್ಲಗೆ ಅಂದಳು: “ಗಾಳಿಗಿ ಬಂದಿರಬಹುದಲ್ರಿ ಅಣ್ಣಾ. ಸಸಿ ಜೋಡಿ ಬಂದಿರಬಹುದು.”

“ಬಂದಿರಬಹುದು ತಂಗಿ. ಖರೆ ಮೊದಲ ಹತ್ತಿದ್ದು ನಾವು ನಿಂತ ಐದು ಗಿಡಕ್ಕ.”

ಮಾಣಿಕಪ್ಪ ಗೂಟದ ಮೇಲಿನ ಕೋಟಿನ ಹೊಲಿದ ಜೇಬುಗಳನ್ನು ನೋಡಿದ. “ಒಂಬತ್ತು ವರ್ಷ,” ಎಂದ, “ನನ್ನ ಬಾಯಿಲೆ ಹೊಗಳಿಸ್ಕೊಂಡಿ.”

ಬಕ್ಕಪ್ಪ ಕೋಟಿಗೆ ಕೈಚಾಚಿದ, ಹೋಗಿಬಿಡಲೆಂದು. ಅಷ್ಟರಲ್ಲಿ ಹಿಂದೆ ನೀರು ಕದಡಿದ ಸದ್ದು. ಮಾಣಿಕಪ್ಪ ಚಪ್ಪಲಿ ಬಿಟ್ಟು ನೀಲಿ ಬಕೆಟ್ಟಿನಲ್ಲಿ ಕಾಲಿಟ್ಟಿದ್ದ. ಗೆಳೆಯನ ಮುಖ ನೋಡದೆ ಕೇಳಿದ: “ಎಷ್ಟೊತ್ತು ಇಡಬೇಕು, ಹೇಳು.”

ಆ ದಿನ ಎಲೆಗಳು ಆರಿದ ಮೇಲೆ ಇಬ್ಬರೂ ಸೇರಿ ಸಸಿಗಳನ್ನೆಲ್ಲ ನೆಟ್ಟರು.

ಬಲ್ಲವರಲ್ಲಿ ಹಲವರು ತಾವು ಬಲ್ಲೆವೆಂದು ತೋರಿಸಲು ಬರುತ್ತಾರೆ. ತೋರಿಸುವ ಕೈಯಲ್ಲೇ ರೋಗ ಇರಬಹುದೆಂದು ಅವರಿಗೆ ಹೊಳೆಯುವುದಿಲ್ಲ. ಅದು ಹೊಳೆದ ಕೆಲವೇ ಮಂದಿ ಬಕ್ಕಪ್ಪನ ಜಾತಿಯವರು: ಅವರ ವಿದ್ಯೆಯ ಅರ್ಧ ಭಾಗ ಬರಿಯ ಭಯ, ಆ ಭಯದ ನೆರಳಲ್ಲೇ ನಮ್ಮ ಗಿಡಗಳು ಹಸಿರಾಗಿರುತ್ತವೆ. ಯಾವುದಾದರೂ ತೋಟದ ಬೇಲಿಗೆ ಕೋಟೊಂದು ನೇತಾಡುತ್ತಿದ್ದರೆ, ಒಳಗೆ ಯಾರೋ ನಮ್ಮ ಪಾಲಿನದನ್ನೂ ಸೇರಿಸಿ ಹೆದರುತ್ತಿದ್ದಾರೆಂದು ತಿಳಿದು, ಸದ್ದಿಲ್ಲದೆ ಚಪ್ಪಲಿ ಬಿಡಬೇಕು.