ಹಿಂತಿರುಗಿದ ಒಂಬತ್ತು ನಿಮಿಷ

ನನಗೆ ಮೂಗಿನ ತುದಿಯಲ್ಲೇ ಕೋಪ. ಆ ಬೆಳಿಗ್ಗೆಯೂ ತಡೆಯಲಾಗಲಿಲ್ಲ. ಅಪ್ಪ ಶಬ್ದದ ಕೋಣೆಗೆ ಹೊರಟು ನಿಂತಿದ್ದಾಗ, "ಗಾಜಿನ ಲೋಟ ಒಡೆದು ಒಡೆದು ನಲವತ್ತು ವರ್ಷ ಆಯ್ತು, ಒಂದಾದ್ರೂ ಕೂಡ್ಕೊಂಡಿದ್ಯಾ? ಸಾಕು ಮಾಡಿ ಅಪ್ಪ" ಎಂದುಬಿಟ್ಟೆ.

"ನಿನ್ನ ಕೆಲಸ ಗುಂಡಿ ಒತ್ತೋದು. ಅಷ್ಟು ಮಾಡು, ಸಾಕು" ಎಂದು ಅವರು ಬಾಗಿಲು ಹಾಕಿಕೊಂಡರು.

ಅಪ್ಪನ ಸಿದ್ಧಾಂತ ಹೇಳುವುದಕ್ಕೆ ಸುಲಭ, ನಂಬುವುದಕ್ಕೆ ಕಷ್ಟ. ಒಂದು ಶಬ್ದವನ್ನು ಅದರ ಎಲ್ಲ ಪ್ರತಿಧ್ವನಿಗಳ ಸಮೇತ ಹಿಡಿದು, ತಿರುಗುಮುರುಗಾಗಿ ಅದೇ ಗೋಡೆಗಳಿಂದ ವಾಪಸ್ ಕಳಿಸಿದರೆ ಅದು ಹುಟ್ಟಿದ ಜಾಗಕ್ಕೆ ಮರಳುತ್ತದೆ. ಅದನ್ನು ಕೇಳಿಸಿಕೊಂಡಿದ್ದವರೂ ಅದು ಹುಟ್ಟಿದ ಹೊತ್ತಿಗೆ ಮರಳುತ್ತಾರೆ. ಅದಕ್ಕಾಗಿಯೇ ಕೋಣೆಯ ಗೋಡೆಗಳ ತುಂಬ ಅರವತ್ತನಾಲ್ಕು ಮೈಕು, ಅರವತ್ತನಾಲ್ಕು ಸ್ಪೀಕರ್. ವರ್ಷಕ್ಕೊಮ್ಮೆ ಅಪ್ಪ ಅದರ ನಡುವೆ ಕೂತು ಒಂಬತ್ತು ನಿಮಿಷದ ಗುಂಯ್‌ಗುಡುವ ಶಬ್ದ ಕೇಳಿ, ಅದನ್ನು ಟೇಪಿನಲ್ಲಿ ಹಿಡಿದು ಕಪಾಟಿನಲ್ಲಿ ಇಡುತ್ತಿದ್ದರು. ಒಡೆದ ಲೋಟದ ಸದ್ದನ್ನು ತಿರುಗಿಸಿ ಹಾಕಿದಾಗ ಗಾಜು ಕೂಡಿಕೊಳ್ಳುವ ತನಕ ಮನುಷ್ಯರಿಗೆ ಅದನ್ನು ತಿರುಗಿಸಿ ಕೇಳಿಸಕೂಡದು ಎಂಬುದು ಅವರ ಹಠ. ಗಾಜು ಕೂಡಿಕೊಳ್ಳಲೇ ಇಲ್ಲ. ಗಾಜಿಗೆ ಕಿವಿ ಇಲ್ಲವಲ್ಲ, ಅದಕ್ಕಿರಬೇಕು.

ನಮ್ಮಲ್ಲಿ ಒಂದೇ ಕಟ್ಟುಪಾಡು. ಕೆಂಪು ದೀಪ ಉರಿಯುತ್ತಿರುವಾಗ ಬಾಗಿಲು ತೆಗೆಯಬಾರದು. ತೆಗೆದರೆ ಶಬ್ದ ಸೋರಿ ಟೇಪು ಕೆಡುತ್ತದೆ. ಆರನೇ ವಯಸ್ಸಿನಲ್ಲಿ ಒಮ್ಮೆ ತೆಗೆದು ಅಪ್ಪನಿಂದ ಬೈಸಿಕೊಂಡದ್ದು ನನಗೆ ಇನ್ನೂ ನೆನಪಿದೆ.

ಅವತ್ತು ಆ ವರ್ಷದ ಟೇಪು. ನಾಲ್ಕನೇ ನಿಮಿಷಕ್ಕೆ ನನ್ನ ಇಯರ್‌ಫೋನಿನಲ್ಲಿ ಧಡ್ ಎಂಬ ಸದ್ದು ಕೇಳಿಸಿತು. ಕುರ್ಚಿ ಬಿದ್ದಿರಬೇಕು, ಬೇಕೆಂದೇ ಏನೋ ಪ್ರಯೋಗ ಮಾಡುತ್ತಿದ್ದಾರೆ ಅಂದುಕೊಂಡೆ. ಸಿಟ್ಟೂ ಇತ್ತು, ಎದ್ದು ಕಿಟಕಿಯಲ್ಲಿ ಇಣುಕಲೂ ಇಲ್ಲ. ಉಳಿದ ಐದು ನಿಮಿಷ ದೀಪ ನೋಡುತ್ತಾ ಕೂತೆ. ದೀಪ ಆರಿದ ಮೇಲೆ ಬಾಗಿಲು ತೆಗೆದರೆ ಅಪ್ಪ ನೆಲದ ಮೇಲೆ ಬಿದ್ದಿದ್ದರು, ಹೃದಯ ನಿಂತಿತ್ತು.

ಆಸ್ಪತ್ರೆಯವರು ಹೃದಯವನ್ನು ಮತ್ತೆ ಹೊಡೆದುಕೊಳ್ಳುವಂತೆ ಮಾಡಿದರು. ಆದರೆ ಅಷ್ಟು ಹೊತ್ತು ರಕ್ತವಿಲ್ಲದ ಮೆದುಳು ಸರಿಹೋಗುವುದಿಲ್ಲ ಎಂದರು. ಮನೆಗೆ ಬಂದ ಅಪ್ಪ ನನ್ನ ಮುಖ ನೋಡಿ ಮೆತ್ತಗೆ ಕೇಳುತ್ತಿದ್ದರು, "ನೀವು ಯಾರು?" ಆರು ವಾರ ಊಟ ಮಾಡಿಸಿದೆ, ಸ್ನಾನ ಮಾಡಿಸಿದೆ, ಗಡ್ಡ ಬೋಳಿಸಿದೆ. ದಿನಕ್ಕೆ ಹತ್ತು ಸಲ ಅದೇ ಪ್ರಶ್ನೆ. ಅಪ್ಪನ ಬಾಯಲ್ಲಿ ಆ ಬಹುವಚನ ಕೇಳಿದಾಗಲೆಲ್ಲ "ನಿಮ್ಮ ಮಗಳು ಅಪ್ಪ" ಎನ್ನುತ್ತಿದ್ದೆ.

ಆರು ವಾರವಾದ ಮೇಲೆ ಅತ್ತಿಗೆಗೆ ಹೇಳಿದೆ. ಅತ್ತಿಗೆ ನನ್ನ ಅಣ್ಣನ ಹೆಂಡತಿ, ತುರ್ತು ವಾರ್ಡಿನ ನರ್ಸು.

"ನಾನು ಬಾಗಿಲು ತೆಗೀದೇ ಇದ್ದಿದ್ದಕ್ಕೆ ಆ ಟೇಪು ಒಂಚೂರೂ ಕೆಟ್ಟಿಲ್ಲ. ತಿರುಗಿಸಿ ಹಾಕೋಣ."

"ನಿಂಗೆ ತಲೆ ಕೆಟ್ಟಿದ್ಯಾ? ಸರಿ, ವಾಪಸ್ ಬಂದ್ರು ಅಂತಾನೇ ಇಟ್ಕೋ. ನಾಲ್ಕು ನಿಮಿಷಕ್ಕೆ ಹೃದಯ ಮತ್ತೆ ನಿಲ್ಲತ್ತಲ್ಲ?"

"ನಿಲ್ಲಲಿ. ಈ ಸಲ ನೀವು ಪಕ್ಕದಲ್ಲೇ ಇರ್ತೀರಿ."

ಮರುದಿನ ಮಧ್ಯಾಹ್ನ ಅತ್ತಿಗೆ ಹೃದಯಕ್ಕೆ ಶಾಕ್ ಕೊಡುವ ಯಂತ್ರವನ್ನು ಚೀಲದಲ್ಲಿಟ್ಟುಕೊಂಡು ಬಂದರು.

ಅಪ್ಪನನ್ನು ಅಂದು ಬಿದ್ದಿದ್ದ ಜಾಗದಲ್ಲೇ, ಹಾಗೆಯೇ ಮಲಗಿಸಿದೆವು. ಎಡಗೈ ಎದೆಯ ಕೆಳಗೆ, ಕುರ್ಚಿ ಅಡ್ಡ. "ನೀವು ತುಂಬಾ ಒಳ್ಳೆಯವರು" ಎಂದರು ನನಗೆ. ಹೊರಗೆ ಬಂದು ಗುಂಡಿ ಒತ್ತಿದೆ. ಕೆಂಪು ದೀಪ ಹತ್ತಿತು.

ಮೊದಲ ಒಂದೆರಡು ನಿಮಿಷ ಏನೂ ಆಗಲಿಲ್ಲ. ಕಿಟಕಿಯ ಗಾಜಿಗೆ ಮೂಗು ಒತ್ತಿ ನಿಂತಿದ್ದೆ. ಅಪ್ಪನ ಬೆರಳುಗಳು ಮೊದಲು ಅಲುಗಿದವು, ಆಮೇಲೆ ಅದೂ ನಿಂತಿತು. ಎದೆ ಏರಿಳಿಯುತ್ತಿರಲಿಲ್ಲ. ಮುಖ ನೀಲಿಯಾಯಿತು.

"ಉಸಿರಾಡ್ತಿಲ್ಲ. ಬಾಗಿಲು ತೆಗಿ" ಎಂದರು ಅತ್ತಿಗೆ.

"ಅವತ್ತೂ ಹೀಗೇ ಬಿದ್ದಿದ್ರು. ಆ ಐದು ನಿಮಿಷಾನೇ ಇದು."

"ಸತ್ತೋಗ್ತಾರೆ ಕಣೇ. ತೆಗಿ ಅಂದ್ರೆ ತೆಗಿ."

ಅವರು ಚಿಲಕಕ್ಕೆ ಕೈ ಹಾಕಿದರು. ನಾನು ಬಾಗಿಲಿಗೆ ಬೆನ್ನು ಕೊಟ್ಟು ನಿಂತೆ. ಅತ್ತಿಗೆ ನನ್ನ ಭುಜ ಹಿಡಿದು ಎಳೆದರು, ನಾನು ಅವರನ್ನು ನೂಕಿದೆ. ಸಿದ್ಧಾಂತ ಸುಳ್ಳಾಗಿದ್ದರೆ ಅಪ್ಪನನ್ನು ಎರಡನೇ ಸಲ ಕೊಲ್ಲುತ್ತಿರುವವಳು ನಾನೇ.

ಅಷ್ಟರಲ್ಲಿ ಒಳಗಿನಿಂದ ಧಡ್ ಎಂಬ ಸದ್ದು ಬಂತು. ತಿರುಗಿ ನೋಡಿದೆ. ಅಪ್ಪ ಕುರ್ಚಿಯ ಸಮೇತ ನೆಲದಿಂದ ಎದ್ದು ನೇರವಾದರು, ಯಾರೂ ಎತ್ತಲಿಲ್ಲ. ಅತ್ತಿಗೆ ನನ್ನ ಭುಜ ಬಿಟ್ಟರು. ಉಳಿದ ನಾಲ್ಕು ನಿಮಿಷ ನಾವಿಬ್ಬರೂ ಕಿಟಕಿಗೆ ಅಂಟಿ ನಿಂತೆವು.

ದೀಪ ಆರಿದ್ದೇ ತಡ, ಬಾಗಿಲು ತೆಗೆದೆ. ಅಪ್ಪ ಹುಬ್ಬು ಗಂಟಿಕ್ಕಿ ನನ್ನನ್ನೇ ನೋಡಿದರು.

"ಇನ್ನೂ ಶುರುನೇ ಆಗಿಲ್ಲ, ಯಾಕೆ ಒಳಗೆ ಬಂದೆ? ಜಗಳ ಮುಗೀಲಿಲ್ವಾ ನಿಂದು?"

ಏಕವಚನ. ನನಗೆ ಅಳು ಉಕ್ಕಿ ಬಂತು. ಅಳಲು ಸಮಯವಿರಲಿಲ್ಲ. "ಮಲಗಿ ಅಪ್ಪ, ದಮ್ಮಯ್ಯ ಅಂತೀನಿ" ಎಂದು ಅಂಗಿಯ ಗುಂಡಿ ಬಿಚ್ಚತೊಡಗಿದೆ.

"ಏನೇ ಇದು? ಇವಳ್ಯಾಕೆ ಬಂದಿದಾಳೆ?" ಎಂದು ನನ್ನ ಕೈ ಕೊಡವಿದರು. ಅತ್ತಿಗೆ, "ಮಾವ, ಆಮೇಲೆ ಬೈಯೋರಂತೆ" ಎನ್ನುತ್ತಾ ಎದೆಗೆ ಶಾಕ್ ಯಂತ್ರದ ಪಟ್ಟಿ ಅಂಟಿಸಿದರು. ಅಪ್ಪ ಕಿತ್ತು ಬಿಸಾಕಿದರು. ಮತ್ತೆ ಅಂಟಿಸಿದರು. "ಹೊರಗೆ ಹೋಗಿ ಇಬ್ಬರೂ, ನನ್ನ ಪ್ರಯೋಗ..." ಎನ್ನುತ್ತಿದ್ದಂತೆ ಅವರ ಕಣ್ಣು ಮೇಲಾಯಿತು. ನನ್ನ ತೋಳಿನ ಮೇಲೆ ಕುಸಿದರು.

ಮೊದಲ ಶಾಕಿಗೆ ಏನೂ ಇಲ್ಲ. ಅತ್ತಿಗೆ ಎದೆ ಒತ್ತಿದರು, ಎಣಿಸುತ್ತಾ ಒತ್ತಿದರು. ಎರಡನೆಯದಕ್ಕೆ ಅಪ್ಪ ಉಸಿರೆಳೆದರು.

ಎಂಟು ದಿನದ ನಂತರ, ಆಸ್ಪತ್ರೆಯ ಹಾಸಿಗೆಯಲ್ಲಿ ದಿಂಬಿಗೆ ಒರಗಿ ಕೂತು ಕ್ಯಾಲೆಂಡರ್ ನೋಡಿದರು.

"ಇಷ್ಟು ದಿನ ಎಲ್ಲಿದ್ದೆ ನಾನು?"

"ಎಚ್ಚರ ಇಲ್ದೆ ಮಲಗಿದ್ರಿ."

"ಗಡ್ಡ ಬೆಳೆದೇ ಇಲ್ವಲ್ಲ."

"ನಾನೇ ಬೋಳಿಸ್ತಿದ್ದೆ."

ಅಪ್ಪ ನನ್ನ ಕೈ ಹಿಡಿದರು. "ನಿಜ ಹೇಳು. ನೀನು ಅವತ್ತಿನ ಟೇಪು ತಿರುಗಿಸಿ ಹಾಕಿದ್ಯಾ? ಸಿದ್ಧಾಂತ ನಿಜ ಆಗಿದ್ರೆ ನಾನು ಹೀಗೆ ಬಿದ್ದಿರಬೇಕಾಗಿಲ್ಲ. ಕಪಾಟಲ್ಲಿ ಮೊದಲನೇ ಟೇಪು ಇದೆ. ನಂಗಾಗ ಮೂವತ್ನಾಲ್ಕು. ಕಲ್ಲಿನಂಥಾ ಹೃದಯ. ಇನ್ನೂ ನಲವತ್ತು ವರ್ಷ ಕೆಲಸ ಮಾಡಬಹುದು."

ಮೂವತ್ನಾಲ್ಕರ ಅಪ್ಪ. ಆಗ ನಾನು ಹುಟ್ಟಿರಲಿಲ್ಲ. ಕೋಣೆಯಿಂದ ಹೊರಬಂದು ನನ್ನ ನರೆಯತೊಡಗಿದ ತಲೆ ನೋಡಿ ಅವರು ಕೇಳುವ ಮಾತು ನನಗೆ ಗೊತ್ತಿತ್ತು. ಇನ್ನೊಂದು ಸಲ ಅದನ್ನು ಕೇಳಿಸಿಕೊಳ್ಳುವ ಶಕ್ತಿ ನನಗಿರಲಿಲ್ಲ.

ಮಂಚದ ಆ ಬದಿಯಲ್ಲಿ ಅತ್ತಿಗೆ ತಲೆ ತಗ್ಗಿಸಿ ಔಷಧಿ ಚೀಟಿ ನೋಡುತ್ತಿದ್ದರು.

"ಹಾಕಿದ್ದೆ ಅಪ್ಪ. ಏನೂ ಆಗಲಿಲ್ಲ" ಎಂದೆ.

ಅವರು ನನ್ನ ಕೈ ಬಿಡಲಿಲ್ಲ. ಕಣ್ಣಂಚಿನಲ್ಲಿ ನೀರು ತುಂಬಿತು. ಇನ್ನೊಂದು ಮಾತು ಕೇಳದೆ ನಂಬಿದರು. ನಾನು ಅವರಿಗೆ ಆ ದಿನದವರೆಗೆ ಒಂದೇ ಒಂದು ಸುಳ್ಳು ಹೇಳಿದವಳಲ್ಲ.